ಮೂರು ಚೆಂಡಿನ ಡಬ್ಬಿ ಬೇರೆ, ಕಫ ಅಲುಗಾಡಿಸೋ ಪೀಪಿ ಬೇರೆ

ಪ್ರಶ್ನೆ: ನಮ್ಮಮ್ಮಂಗೆ 64 ವರ್ಷ, ವಿಜಯನಗರದಲ್ಲಿ ಇರೋದು. ಇಪ್ಪತ್ತು ವರ್ಷದ ಹಿಂದೆ ಟಿಬಿ ಆಗಿತ್ತು, ಕೋರ್ಸ್ ಪೂರ್ತಿ ಮುಗಿಸಿ ವಾಸಿ ಆಯ್ತು. ಈಗ ನಾಲ್ಕೈದು ವರ್ಷದಿಂದ ದಿನಾ ಕೆಮ್ಮು, ಕಫ, ಚಳಿಗಾಲ ಬಂತು ಅಂದ್ರೆ ಆಂಟಿಬಯಾಟಿಕ್. ಸಿಟಿ ಸ್ಕ್ಯಾನಲ್ಲಿ ಬ್ರಾಂಕಿಯೆಕ್ಟೇಸಿಸ್ ಅಂತ ಬಂತು. ಡಾಕ್ಟ್ರು ‘ಫ್ಲಟರ್ ತಗೊಳ್ಳಿ, ದಿನಾ ಎರಡು ಸಲ’ ಅಂದ್ರು, ಮೆಡಿಕಲ್ ಶಾಪಲ್ಲಿ ಮೂರು ಚೆಂಡಿರೋ ಡಬ್ಬಿ ಕೊಟ್ರು. ಎರಡು ತಿಂಗಳಾಯ್ತು, ಏನೂ ಫರಕ್ಕಿಲ್ಲ. ಆನ್‌ಲೈನಲ್ಲಿ ನೋಡಿದ್ರೆ ನೂರೆಂಟು ಥರ ಇದೆ, ಯಾವ್ದು ತಗೋಬೇಕು? ಅದರ ಬದ್ಲು ಕಪಾಲಭಾತಿ ಮಾಡಿದ್ರೆ ಸಾಲಲ್ವಾ ಅಂತಾರೆ ಅಮ್ಮ.

ಉತ್ತರ: ಮೊದ್ಲು ಆ ಮೂರು ಚೆಂಡಿನ ಡಬ್ಬಿ ವಿಷಯ ಮುಗಿಸಿಬಿಡೋಣ. ಅದು ಇನ್ಸೆಂಟಿವ್ ಸ್ಪೈರೋಮೀಟರ್, ಉಸಿರು ಒಳಗೆ ಎಳ್ಕೊಳ್ಳೋಕೆ ಇರೋದು. ಅದರ ಮೇಲೆ 600, 900, 1200 ಅಂತ ಬರೆದಿರುತ್ತಲ್ಲ, ಸೆಕೆಂಡಿಗೆ ಅಷ್ಟು ಮಿಲಿ ಗಾಳಿ ಎಳೆದ್ರೆ ಒಂದೊಂದೇ ಚೆಂಡು ಮೇಲೇಳುತ್ತೆ ಅಂತ ಲೆಕ್ಕ. ಆಪರೇಷನ್ ಆದೋರು ನೋವಿಗೆ ಹೆದರಿ ಮೇಲ್ಮೇಲೆ ಉಸಿರಾಡ್ತಾರೆ, ಶ್ವಾಸಕೋಶದ ತಳ ಮುದುಡಿಕೊಳ್ಳುತ್ತೆ, ಅದು ಬಿಚ್ಚಿಕೊಳ್ಳಲಿ ಅಂತ ಅದನ್ನ ಕೊಡೋದು. ಕೋವಿಡ್ ಟೈಮಲ್ಲಿ ಬೆಂಗಳೂರಿನ ಮನೆಮನೆಗೂ ಬಂದು ಕೂತ್ಕೊಂಡ್ತು, ಈಗ ಶೋಕೇಸಲ್ಲಿ ಗಣೇಶನ ಪಕ್ಕ ಇರುತ್ತೆ. ನಿಮ್ಮಮ್ಮಂಗೆ ಬೇಕಿರೋದು ಉಸಿರು ಹೊರಗೆ ಬಿಡುವಾಗ ಕೆಲಸ ಮಾಡೋ ಸಾಧನ, ಅದನ್ನೇ ನಾನು ಪೀಪಿ ಅಂತಿರೋದು. ಎರಡೂ ಪ್ಲಾಸ್ಟಿಕ್ಕು, ಎರಡರಲ್ಲೂ ಚೆಂಡಿದೆ, ಎರಡನ್ನೂ ಬಾಯಿಗೆ ಇಟ್ಕೋಬೇಕು, ಹಾಗಾಗಿ ಅಂಗಡಿಯವರು ‘ಫ್ಲಟರ್’ ಅಂದ್ರೆ ಇದೇ ಇರ್ಬೇಕು ಅಂತ ಕೊಟ್ಬಿಡ್ತಾರೆ. ನನ್ನ ಹತ್ರ ಬರೋರಲ್ಲಿ ಎಷ್ಟೋ ಜನ ಇದೇ ಡಬ್ಬಿ ಹಿಡ್ಕೊಂಡು ಬರ್ತಾರೆ, ಕೆಲವರಂತೂ ಅದನ್ನ ತಲೆಕೆಳಗೆ ಹಿಡಿದು ಊದ್ತಿರ್ತಾರೆ. ಹಾಗೆ ಮಾಡಿದ್ರೂ ಅದು ಫ್ಲಟರ್ ಆಗಲ್ಲ. ಎರಡು ತಿಂಗಳು ಅಮ್ಮ ಪಟ್ಟ ಕಷ್ಟ ದಂಡ ಅಂತ ಏನಲ್ಲ, ಆದ್ರೆ ಕಫಕ್ಕೆ ಅದ್ರಿಂದ ಏನೂ ಆಗ್ತಿರಲಿಲ್ಲ.

ಸರಿ, ಇವರ ಎದೆಯಲ್ಲಿ ಆಗಿರೋದೇನು ಅಂದ್ರೆ, ಟಿಬಿ ವಾಸಿ ಆಗುವಾಗ ಗಾಯದ ಕಲೆ ಉಳಿಸಿ ಹೋಗಿದೆ, ಆ ಕಲೆ ಸುತ್ತಲಿನ ಶ್ವಾಸನಾಳಗಳನ್ನ ಎಳೆದು ಅಗಲ ಮಾಡಿ ಗೋಡೆ ಸಡಿಲ ಮಾಡಿಬಿಟ್ಟಿದೆ, ಬ್ರಾಂಕಿಯೆಕ್ಟೇಸಿಸ್ ಅಂದ್ರೆ ಇದೇ. ಶ್ವಾಸನಾಳದ ಒಳಗೋಡೆ ಮೇಲೆ ಸಣ್ಣ ಸಣ್ಣ ರೋಮಗಳಿರುತ್ತವೆ, ಸೆಕೆಂಡಿಗೆ ಹತ್ತು ಹದಿನೈದು ಸಲ ಬಡೀತಾ ಕಫವನ್ನ ಗಂಟಲ ಕಡೆಗೆ ತಳ್ಳೋದು ಅವುಗಳ ಡ್ಯೂಟಿ. ಹಾಳಾದ ಜಾಗದಲ್ಲಿ ಆ ರೋಮ ಇಲ್ಲ, ಇದ್ರೂ ಕೆಲಸಕ್ಕೆ ಬರಲ್ಲ. ಕಫ ಅಲ್ಲೇ ನಿಲ್ಲುತ್ತೆ, ನಿಂತ ನೀರಲ್ಲಿ ಪಾಚಿ ಕಟ್ಟೋ ಹಾಗೆ ಬ್ಯಾಕ್ಟೀರಿಯಾ ಕಟ್ಟುತ್ತೆ, ಅದಕ್ಕೆ ಉರಿಯೂತ, ಉರಿಯೂತದಿಂದ ಇನ್ನಷ್ಟು ಗೋಡೆ ಹಾಳು, ಇನ್ನಷ್ಟು ಕಫ. ಆಂಟಿಬಯಾಟಿಕ್ ಬ್ಯಾಕ್ಟೀರಿಯಾನ ಕಮ್ಮಿ ಮಾಡುತ್ತೆ, ನಿಂತ ಕಫನ ಎತ್ತಿ ಹೊರಗೆ ಹಾಕಲ್ಲ. ಭಾರತದ ಬ್ರಾಂಕಿಯೆಕ್ಟೇಸಿಸ್ ರೋಗಿಗಳ ದೊಡ್ಡ ರಿಜಿಸ್ಟ್ರಿ ವರದಿ 2019ರಲ್ಲಿ ಬಂತು, 2,195 ಜನರದ್ದು, ಅದರಲ್ಲಿ ಮೂರನೇ ಒಂದು ಭಾಗಕ್ಕಿಂತ ಸ್ವಲ್ಪ ಜಾಸ್ತಿ ಜನಕ್ಕೆ ಕಾರಣ ಹಳೇ ಟಿಬಿ. ಅಂದ್ರೆ ಅಮ್ಮ ಒಬ್ರೇ ಅಲ್ಲ. ಬಳ್ಳಾರಿ ರಸ್ತೆಯಲ್ಲಿ 1959ರಿಂದ ರಾಷ್ಟ್ರೀಯ ಕ್ಷಯರೋಗ ಸಂಸ್ಥೆ ಇರೋ ಊರು ನಮ್ದು, ಆದ್ರೂ ಟಿಬಿ ‘ಕ್ಯೂರ್ಡ್’ ಅಂತ ಚೀಟಿ ಬರೆದ ಮೇಲೆ ಉಳ್ಕೊಳ್ಳೋ ಶ್ವಾಸಕೋಶದ ಬಗ್ಗೆ ಯಾರೂ ಕೂರಿಸಿ ಮಾತಾಡಲ್ಲ ಅನ್ನೋದು ನನ್ನ ಹಳೇ ಸಿಟ್ಟು, ಇರ್ಲಿ.

ಈಗ ಆ ಪೀಪಿ ಏನ್ಮಾಡುತ್ತೆ ಅಂತ. ಜೇನುತುಪ್ಪದ ಬಾಟಲಿನ ಬೋರಲು ಹಾಕಿ ನೋಡಿ, ಹಿಂದೆ ಗಾಳಿ ಹೋಗೋಕೆ ದಾರಿ ಸಿಗೋವರೆಗೂ ಜೇನು ಇಳಿಯಲ್ಲ. ಕಫದ್ದೂ ಅದೇ ಕತೆ, ಕಫದ ಹಿಂದೆ ಗಾಳಿ ಸೇರಿದ್ರೆ ಮಾತ್ರ ಆ ಗಾಳಿ ಅದನ್ನ ಮುಂದಕ್ಕೆ ತಳ್ಳುತ್ತೆ. ಸಾಧನದ ಮೂಲಕ ಉಸಿರು ಬಿಡುವಾಗ ಬಾಯಲ್ಲಿ ಒಂದು ತಡೆ ಇರುತ್ತಲ್ಲ, ಆ ತಡೆಯಿಂದ 10ರಿಂದ 20 ಸೆಂಟಿಮೀಟರ್ ನೀರಿನ ಮಟ್ಟದಷ್ಟು ಒತ್ತಡ ಒಳಗೆ ನಿಲ್ಲುತ್ತೆ, ಸಡಿಲ ಗೋಡೆಯ ನಾಳಗಳು ಮುಚ್ಚಿಕೊಳ್ಳದೆ ತೆರ್ಕೊಂಡಿರ್ತವೆ, ಗಾಳಿ ಅಕ್ಕಪಕ್ಕದ ಸಣ್ಣ ಕಿಂಡಿಗಳಿಂದ ನುಸುಳಿ ಕಫದ ಹಿಂದೆ ಸೇರ್ಕೊಳ್ಳುತ್ತೆ. ಇದಿಷ್ಟೇ ಮಾಡೋ ಸಾಧನಕ್ಕೆ ಪೆಪ್ ಅಂತಾರೆ. ಅದರ ಜೊತೆಗೆ ತಡೆ ಒಂದು ಸೆಕೆಂಡಲ್ಲಿ ಹತ್ತು ಹದಿನೈದು ಸಲ ಬಿಟ್ಟು ಹಿಡಿದು ಬಿಟ್ಟು ಹಿಡಿದು ಮಾಡಿದ್ರೆ ಎದೆ ಒಳಗೆಲ್ಲ ಗಡಗಡ ಅಂತ ಕಂಪನ. ಗಟ್ಟಿ ಮೊಸರನ್ನ ಚಮಚದಲ್ಲಿ ಎರಡು ಸಲ ಬಡಿದ್ರೆ ನೀರು ಹಾಕ್ದೇನೆ ತೆಳ್ಳಗಾಗುತ್ತಲ್ವಾ, ಕಫನೂ ಹಾಗೇ, ಅಲುಗಾಡಿಸಿದ್ರೆ ಜಾರೋ ಸ್ವಭಾವ ಅದಕ್ಕೆ. ತಡೆ ಪ್ಲಸ್ ಕಂಪನ, ಇಷ್ಟೇ ಇದರ ಗುಟ್ಟು. ಬ್ಯಾಟರಿ ಇಲ್ಲ, ಕರೆಂಟಿಲ್ಲ, ಔಷಧಿ ಇಲ್ಲ.

ನೀವು ಆನ್‌ಲೈನಲ್ಲಿ ನೋಡಿರೋ ನೂರೆಂಟು ಥರ ಎಲ್ಲಾ ಸೇರಿ ನಾಲ್ಕೈದು ಜಾತಿ ಅಷ್ಟೇ. ಫ್ಲಟರ್ ಅನ್ನೋದು ಸ್ವಿಟ್ಜರ್ಲೆಂಡಿಂದ ಬಂದಿದ್ದು, ಹುಕ್ಕಾ ಪೈಪಿನ ಮೂತಿ ಥರ ಇರುತ್ತೆ, ಒಳಗೆ ಒಂದು ಸ್ಟೀಲ್ ಗುಂಡು, ಊದಿದಾಗ ಅದು ಎದ್ದು ಬಿದ್ದು ಎದ್ದು ಬಿದ್ದು ಮಾಡುತ್ತೆ. ಗುಂಡು ಬೀಳೋದು ಭೂಮಿಯ ಸೆಳೆತದಿಂದ, ಹಾಗಾಗಿ ಹಿಡಿಯೋ ಕೋನ ಮುಖ್ಯ. ನೆಲಕ್ಕೆ ಸಮನಾಗಿ ಹಿಡ್ಕೊಂಡು ಶುರು ಮಾಡಿ, ಒಂಚೂರು ಮೇಲೆ ಒಂಚೂರು ಕೆಳಗೆ ಮಾಡ್ತಾ ಎಲ್ಲಿ ಎದೆ ಜಾಸ್ತಿ ನಡುಗುತ್ತೋ ಅಲ್ಲಿ ನಿಲ್ಲಿಸ್ಬೇಕು. ಕೈ ನಡುಗೋರಿಗೆ, ಮಲಗಿಕೊಂಡೇ ಮಾಡ್ಬೇಕಾದೋರಿಗೆ ಇದು ಆಗಲ್ಲ. ಅವರಿಗೆ ಅಕಾಪೆಲ್ಲಾ ಅಂತ ಬರುತ್ತೆ, ಅದರಲ್ಲಿ ಗುಂಡಿನ ಬದಲು ಅಯಸ್ಕಾಂತ ಇರೋ ಸನ್ನೆ ಕೋಲು, ಹೇಗೆ ಹಿಡಿದ್ರೂ ಕೆಲಸ ಮಾಡುತ್ತೆ, ಹಿಂದೆ ಒಂದು ಡಯಲ್ ತಿರುಗಿಸಿ ತಡೆ ಹೆಚ್ಚು ಕಮ್ಮಿ ಮಾಡ್ಬೋದು. ಹಸಿರು ಬಣ್ಣದ್ದು ನಿಮಿಷಕ್ಕೆ 15 ಲೀಟರ್‌ಗಿಂತ ಜೋರಾಗಿ ಊದಬಲ್ಲೋರಿಗೆ, ನೀಲಿ ಅಷ್ಟು ಊದೋಕಾಗ್ದೇ ಇರೋರಿಗೆ, ಇದು ನೋಡ್ದೆ ತಗೊಂಡು ‘ಇದು ನಡುಗೋದೇ ಇಲ್ಲ ಮೇಡಂ’ ಅಂತ ವಾಪಸ್ ಬರೋರಿದ್ದಾರೆ. ಏರೋಬಿಕಾ ಕೆನಡಾದ್ದು, ಬಿಚ್ಚಿ ತೊಳೆಯೋಕೆ ಸುಲಭ, ನೆಬ್ಯುಲೈಜರ್ ಜೊತೆ ಸೇರಿಸಿಯೂ ಮಾಡ್ಬೋದು, ಆದ್ರೆ ದುಬಾರಿ. ಜರ್ಮನಿಯ ಕಾರ್ನೆಟ್ ಬಾಗಿದ ಪೈಪಿನೊಳಗೆ ರಬ್ಬರ್ ಮೆದುಗೊಳವೆ ಪಟಪಟ ಬಡ್ಕೊಳ್ಳೋ ಥರದ್ದು. ಇವುಗಳ ನಕಲು ಮಾದರಿಗಳು ನಮ್ಮಲ್ಲೇ ಕಮ್ಮಿ ರೇಟಿಗೆ ಸಿಗ್ತವೆ. ಎದೆಗೆ ಜಾಕೆಟ್ ಕಟ್ಟಿ ಮೆಷಿನ್ನಿಂದ ಅಲುಗಾಡಿಸೋದೂ ಇದೆ, ಅದಕ್ಕೆ ಲಕ್ಷಗಟ್ಟಲೆ ಸುರೀಬೇಕು, ಅಮ್ಮ ತಾವೇ ಕೂತು ಊದಬಲ್ಲರು ಅಂದ್ಮೇಲೆ ಅದರ ಸುದ್ದಿಗೇ ಹೋಗ್ಬೇಡಿ.

ಇವುಗಳಲ್ಲಿ ಯಾವ್ದು ಬೆಸ್ಟು ಅಂತ ನೀವು ಕೇಳೋದು. ಒಂದು ಇನ್ನೊಂದಕ್ಕಿಂತ ಮೇಲು ಅಂತ ಇದುವರೆಗಿನ ಅಧ್ಯಯನಗಳಲ್ಲಿ ಸಾಬೀತಾಗಿಲ್ಲ. ಬ್ರಿಟನ್ನಲ್ಲಿ 2009ರಲ್ಲಿ ಒಂದು ಸಣ್ಣ ಸ್ಟಡಿ ಬಂತು, ಬ್ರಾಂಕಿಯೆಕ್ಟೇಸಿಸ್ ಇರೋ 20 ಜನಕ್ಕೆ ಮೂರು ತಿಂಗಳು ಅಕಾಪೆಲ್ಲಾ ದಿನಕ್ಕೆರಡು ಸಲ, ಮೂರು ತಿಂಗಳು ಏನೂ ಇಲ್ಲ. ಮಾಡಿದ ತಿಂಗಳುಗಳಲ್ಲಿ ಕೆಮ್ಮಿನ ಕಾಟ ಕಮ್ಮಿ ಆಯ್ತು, ಕಫ ಜಾಸ್ತಿ ಬಂತು, ನಡೆಯೋ ಶಕ್ತಿ ಹೆಚ್ಚಾಯ್ತು. ಆದ್ರೆ ಶ್ವಾಸಕೋಶದ ಶಕ್ತಿ ಅಳೆಯೋ ಊದೋ ಟೆಸ್ಟಿನ ನಂಬರ್ ಏನೂ ಬದಲಾಗಲಿಲ್ಲ. ಅಂದ್ರೆ ಇದು ಹಾಳಾದ ಶ್ವಾಸಕೋಶನ ರಿಪೇರಿ ಮಾಡಲ್ಲ, ದಿನಾ ಮನೆ ಗುಡಿಸೋ ಹಾಗೆ ಗುಡಿಸುತ್ತೆ. ಪೊರಕೆ ಯಾವ ಕಂಪನಿದು ಅನ್ನೋದಕ್ಕಿಂತ ದಿನಾ ಗುಡಿಸ್ತೀರಾ ಇಲ್ವಾ ಅನ್ನೋದೇ ದೊಡ್ಡದು. ನಿಮ್ಮ ಬಜೆಟ್ಟಿಗೆ ಹೊಂದೋ, ಬಿಚ್ಚಿ ತೊಳೆಯೋಕಾಗೋ, ಅಮ್ಮನ ಕೈಲಿ ಹಿಡಿಯೋಕಾಗೋ ಒಂದನ್ನ ತಗೊಳ್ಳಿ. ಕೈ ನಡುಕ ಇಲ್ಲ ಅಂದ್ರೆ ಸ್ಟೀಲ್ ಗುಂಡಿನದ್ದೇ ಧಾರಾಳ ಸಾಕು.

ದುಡ್ಡೇ ಕಷ್ಟ ಅಂದ್ರೆ ಬಾಟಲ್ ಪೆಪ್ ಅಂತ ಒಂದಿದೆ, ಅದು ನಂಗೆ ಬಹಳ ಇಷ್ಟ. ಒಂದು ಲೀಟರ್ ಬಾಟಲಲ್ಲಿ 10 ಸೆಂಟಿಮೀಟರ್ ಎತ್ತರಕ್ಕೆ ನೀರು, ಅದರ ತಳದವರೆಗೆ ಒಂದು ಪೈಪು, ಪೈಪಲ್ಲಿ ನೀರೊಳಗೆ ಗುಳುಗುಳು ಅಂತ ಉಸಿರು ಬಿಡೋದು. 10 ಸೆಂಟಿಮೀಟರ್ ನೀರು ಅಂದ್ರೆ ನೇರವಾಗಿ 10 ಸೆಂಟಿಮೀಟರ್ ಒತ್ತಡ, ಗುಳ್ಳೆಗಳಿಂದ ಕಂಪನ ಫ್ರೀ. ಪೈಪಿನ ಒಳವ್ಯಾಸ 8 ಮಿಲಿಮೀಟರಾದ್ರೂ ಇರ್ಬೇಕು, ಜ್ಯೂಸ್ ಸ್ಟ್ರಾ ನಡೆಯಲ್ಲ, ಸಣ್ಣ ಪೈಪಾದ್ರೆ ಒತ್ತಡ ಲೆಕ್ಕ ತಪ್ಪಿ ಜಾಸ್ತಿ ಆಗುತ್ತೆ. ಬಾಟಲ್ ಬಾಯಿ ಮುಚ್ಬಾರದು, ಗಾಳಿ ಹೊರಗೆ ಹೋಗ್ಬೇಕು. ಉಸಿರು ಎಳ್ಕೊಳ್ಳೋದು ಮೂಗಿಂದ, ತಪ್ಪಿ ಪೈಪಿಂದ ಎಳೆದ್ರೆ ನೀರು ಗಂಟಲಿಗೆ. ನೀರು ದಿನಾ ಚೆಲ್ಲಿ ಕುದಿಸಿ ಆರಿಸಿದ್ದು ಹಾಕಿ. ಮೊದಲ ಸಲ ಫಿಸಿಯೋ ಎದುರಿಗೆ ಮಾಡಿ ತೋರಿಸಿಕೊಳ್ಳಿ.

ಇನ್ನು ಮಾಡೋ ರೀತಿ. ಇಲ್ಲೇ ಎಲ್ಲಾ ಕೆಡೋದು, ಸ್ವಲ್ಪ ನಿಧಾನವಾಗಿ ಓದಿ. ಡೈನಿಂಗ್ ಟೇಬಲ್ ಮುಂದೆ ಕುರ್ಚಿ, ಬೆನ್ನು ನೆಟ್ಟಗೆ, ಮೊಣಕೈ ಟೇಬಲ್ ಮೇಲೆ. ಮಾಮೂಲಿಗಿಂತ ಸ್ವಲ್ಪ ಜಾಸ್ತಿ ಉಸಿರು ತಗೋಬೇಕು, ಎದೆ ಬಿರಿಯೋ ಅಷ್ಟಲ್ಲ. ಎರಡು ಮೂರು ಸೆಕೆಂಡ್ ಹಿಡಿಬೇಕು, ಈ ಹಿಡಿಯೋದನ್ನ ಎಲ್ಲರೂ ಬಿಟ್ಬಿಡ್ತಾರೆ, ಗಾಳಿ ಕಫದ ಹಿಂದೆ ಸೇರೋದು ಈ ಗ್ಯಾಪಲ್ಲೇ. ಆಮೇಲೆ ತುಟಿ ಬಿಗಿಯಾಗಿ ಮುಚ್ಚಿ ಸಾಧನದೊಳಗೆ ನಾಲ್ಕು ಸೆಕೆಂಡಾದ್ರೂ ಒಂದೇ ಸಮ ಬಿಡ್ಬೇಕು. ಅಜ್ಜಿ ಒಲೆ ಮುಂದೆ ಕೂತು ಊದುಗೊಳವೆ ಊದ್ತಿದ್ರಲ್ಲ ಹಾಗೆ ಕೆನ್ನೆ ಉಬ್ಬಿಸಿ ಊದ್ಬಾರ್ದು, ಕೆನ್ನೆ ಉಬ್ಬಿದ್ರೆ ಕಂಪನ ಎಲ್ಲಾ ಕೆನ್ನೆಯಲ್ಲೇ ಖರ್ಚಾಗಿ ಹೋಗುತ್ತೆ, ಎದೆಗೆ ಇಳಿಯಲ್ಲ. ಬೇಕಿದ್ರೆ ಇನ್ನೊಂದು ಕೈಲಿ ಕೆನ್ನೆ ಹಿಡ್ಕೊಳ್ಳಲಿ. ನೀವು ಅಮ್ಮನ ಬೆನ್ನ ಮೇಲೆ ಅಂಗೈ ಇಟ್ಟು ನೋಡಿ, ನಿಮ್ಮ ಕೈಗೆ ಮೊಬೈಲ್ ವೈಬ್ರೇಟ್ ಆದ ಹಾಗೆ ಗೊತ್ತಾಗ್ಬೇಕು, ಗೊತ್ತಾಗಿಲ್ಲ ಅಂದ್ರೆ ಕೋನ ಅಥವಾ ಡಯಲ್ ಸರಿ ಮಾಡಿ. ಹೀಗೆ ಹತ್ತು ಉಸಿರು. ಈ ಹತ್ತು ಉಸಿರಿನ ಮಧ್ಯೆ ಕೆಮ್ಮು ಬಂದ್ರೂ ಆದಷ್ಟು ತಡ್ಕೊಂಡು ಮುಗಿಸಲಿ.

ಹತ್ತಾದ ಮೇಲೆ ಸಾಧನ ಕೆಳಗಿಟ್ಟು ಹಫ್ ಮಾಡ್ಬೇಕು, ಇದು ಇಲ್ಲ ಅಂದ್ರೆ ಹತ್ತು ಉಸಿರೂ ವೇಸ್ಟು. ಹಫ್ ಅಂದ್ರೆ ಕನ್ನಡಕ ಒರೆಸೋಕೆ ಗಾಜಿನ ಮೇಲೆ ‘ಹಾ’ ಅಂತ ಆವಿ ಬಿಡ್ತೀವಲ್ಲ, ಅದೇ, ಸ್ವಲ್ಪ ಜೋರಾಗಿ, ಗಂಟಲು ತೆರೆದಿಟ್ಟು, ಹೊಟ್ಟೆಯಿಂದ. ಮೊದಲು ಅರ್ಧ ಉಸಿರು ತಗೊಂಡು ಉದ್ದವಾದ ಹಫ್, ಅದು ಆಳದಲ್ಲಿರೋ ಕಫನ ಮೇಲೆ ತರುತ್ತೆ, ಆಮೇಲೆ ಪೂರ್ತಿ ಉಸಿರು ತಗೊಂಡು ಚಿಕ್ಕ ಚುರುಕು ಹಫ್, ಅದು ಮೇಲೆ ಬಂದಿದ್ದನ್ನ ಗಂಟಲಿಗೆ ತರುತ್ತೆ, ಕೊನೆಗೆ ಒಂದು ಕೆಮ್ಮು, ಉಗಿಯೋದು. ಒಂದು ನಿಮಿಷ ಸುಮ್ನೆ ಉಸಿರಾಡಿ ಮತ್ತೆ ಶುರು. ಹದಿನೈದು ಇಪ್ಪತ್ತು ನಿಮಿಷ, ಅಥವಾ ಎರಡು ಸುತ್ತು ಸತತವಾಗಿ ಏನೂ ಬರಲಿಲ್ಲ ಅನ್ನೋವರೆಗೆ. ಬರೀ ಕೆಮ್ಮಿದ್ರೆ ಸಾಲ್ದಾ ಅಂದ್ರೆ, ಸಡಿಲ ಗೋಡೆ ಇರೋರಿಗೆ ಜೋರು ಕೆಮ್ಮಿನ ಒತ್ತಡಕ್ಕೆ ನಾಳಗಳು ಅಪ್ಪಚ್ಚಿ ಆಗಿ ಕಫ ಅಲ್ಲೇ ಸಿಕ್ಕಾಕ್ಕೊಳ್ಳುತ್ತೆ, ಸುಸ್ತಾಗೋದಷ್ಟೇ ಲಾಭ. ತಲೆ ಹಗುರ ಅನ್ನಿಸಿದ್ರೆ, ಬೆರಳು ಜುಂ ಅಂದ್ರೆ ತುಂಬಾ ಬೇಗ ಬೇಗ ಉಸಿರಾಡ್ತಿದಾರೆ ಅಂತ ಅರ್ಥ, ನಿಲ್ಲಿಸಿ ಸುಧಾರಿಸಿಕೊಳ್ಳಲಿ.

ಬೆಳಿಗ್ಗೆ ಒಂದು ಲೋಟ ಬಿಸಿ ಕಾಫಿ ಆದ್ಮೇಲೆ ತಿಂಡಿಗೆ ಮುಂಚೆ ಒಂದು ಸಲ, ಸಂಜೆ ಊಟಕ್ಕೆ ಮುಂಚೆ ಒಂದು ಸಲ. ಹೊಟ್ಟೆ ತುಂಬಿದಾಗ ಮಾಡಿದ್ರೆ ವಾಂತಿ, ಮಲಗೋಕೆ ಹೋಗುವಾಗ ಮಾಡಿದ್ರೆ ಅರ್ಧ ರಾತ್ರಿ ಕೆಮ್ಮು. ಇನ್ಹೇಲರ್ ಅಥವಾ ನೆಬ್ಯುಲೈಜರ್ ಕೊಟ್ಟಿದ್ರೆ ನಾಳ ಅಗಲಿಸೋ ಔಷಧಿ ಮೊದ್ಲು, ಹತ್ತು ಹದಿನೈದು ನಿಮಿಷ ಬಿಟ್ಟು ಪೀಪಿ, ಸ್ಟೀರಾಯ್ಡ್ ಇನ್ಹೇಲರ್ ಎಲ್ಲಾ ಕ್ಲೀನಾದ್ಮೇಲೆ ಕೊನೆಗೆ. ಕಫ ಅಂಟು ಅಂಟು ಇದ್ರೆ 3 ಪರ್ಸೆಂಟ್ ಉಪ್ಪುನೀರಿನ ನೆಬ್ಯುಲೈಸೇಷನ್ ಬಗ್ಗೆ ಡಾಕ್ಟರನ್ನ ಕೇಳಿ, ಮೊದಲ ಡೋಸ್ ಅವರೆದುರಿಗೇ ಆಗ್ಬೇಕು, ಕೆಲವರಿಗೆ ಎದೆ ಬಿಗಿಯುತ್ತೆ. ಅಡುಗೆ ಉಪ್ಪು ಕದಡಿ ಮನೇಲೇ ಮಾಡೋ ಸಾಹಸ ಖಂಡಿತ ಬೇಡ.

ಒಂದು ಸೂಕ್ಷ್ಮ ವಿಷಯ ಹೇಳ್ಬೇಕು. ‘ಅಮ್ಮಂಗೆ ಕಫ ಬರೋದೇ ಇಲ್ಲ’ ಅಂತ ಮಕ್ಕಳು ಹೇಳ್ತಾರೆ, ಅಮ್ಮನ್ನ ಒಬ್ಬರನ್ನೇ ಕೂರಿಸಿ ಕೇಳಿದ್ರೆ ನುಂಗಿಬಿಡ್ತೀನಿ ಅಂತಾರೆ, ಸೊಸೆ ಮೊಮ್ಮಕ್ಕಳ ಎದುರಿಗೆ ಉಗಿಯೋದು ಹೇಗೆ ಅಂತ. ಇನ್ನೊಂದು, ಜೋರಾಗಿ ಕೆಮ್ಮಿದ್ರೆ ಹಫ್ ಮಾಡಿದ್ರೆ ಮೂತ್ರ ತಟಕಾಗುತ್ತೆ, ಆ ನಾಚಿಕೆಗೆ ಸಾಧನ ಬೀರು ಸೇರುತ್ತೆ, ಮಕ್ಕಳಿಗೆ ಮಾತ್ರ ‘ಅದ್ರಿಂದ ಏನೂ ಉಪಯೋಗ ಇಲ್ಲ’ ಅಂತ ಉತ್ತರ. ಅವರಿಗೊಂದು ರೂಮು, ಬಾಗಿಲು ಹಾಕ್ಕೊಳ್ಳೋ ಹಾಗೆ, ಕಿಟಕಿ ತೆಗೆದಿರಲಿ, ಮುಚ್ಚಳ ಇರೋ ಒಂದು ಡಬ್ಬಿ. ಹಫ್ ಮಾಡೋಕೆ ಸ್ವಲ್ಪ ಮುಂಚೆ ಮೂತ್ರ ಹಿಡ್ಕೊಳ್ಳೋ ಸ್ನಾಯುಗಳನ್ನ ಬಿಗಿ ಹಿಡಿದು ಆಮೇಲೆ ಊದ್ಬೇಕು ಅಂತ ಮಗಳೋ ಸೊಸೆಯೋ ಹೇಳ್ಕೊಟ್ರೆ ಇನ್ನೂ ಒಳ್ಳೇದು, ಅಭ್ಯಾಸದಿಂದ ಬರುತ್ತೆ.

ಕಪಾಲಭಾತಿ ನನ್ನ ಪ್ರಕಾರ ಅಮ್ಮಂಗೆ ಬೇಡ. ಪಟಪಟ ಅಂತ ಜೋರಾಗಿ ಉಸಿರು ಹೊರದಬ್ಬೋದು ಅದು, ಬಾಯಲ್ಲಿ ತಡೆ ಇಲ್ಲ, ಸಡಿಲ ನಾಳ ಮುಚ್ಚಿಕೊಳ್ಳೋಕೇ ದಾರಿ, ಜೊತೆಗೆ ಹಳೇ ಟಿಬಿ ಜಾಗದ ರಕ್ತನಾಳಗಳು ಸೂಕ್ಷ್ಮ. ಭ್ರಾಮರಿ ಮಾಡಲಿ, ನಿಧಾನ, ಎದೆಯಲ್ಲೂ ಸ್ವಲ್ಪ ಗುಂಯ್ ಅನ್ನುತ್ತೆ, ಖುಷಿಯೂ ಸಿಗುತ್ತೆ, ಆದ್ರೆ ಪೀಪಿಯ ಒತ್ತಡ ಅದರಲ್ಲಿ ಸಿಗಲ್ಲ, ಬದಲಿ ಅಲ್ಲ. ದಿನಾ ಪಾರ್ಕಲ್ಲಿ ಬೆವರು ಬರೋ ಹಾಗೆ ವಾಕ್ ಮಾಡೋದು ಇವೆರಡಕ್ಕಿಂತ ಕಫಕ್ಕೆ ಒಳ್ಳೇದು. ಮತ್ತೆ ಮೊಸರು ಬಾಳೆಹಣ್ಣು ಕಫ ಅಂತ ಬಿಡಿಸಿದೀರಾ? ವಾಪಸ್ ಕೊಡಿ, ಈ ಕಾಯಿಲೆಯವರು ತೂಕ ಇಳಿಸ್ಕೊಂಡ್ರೆ ಇನ್ನೂ ತೊಂದ್ರೆ.

ಸಾಧನ ದಿನಾ ಬಿಚ್ಚಿ ಪಾತ್ರೆ ಸೋಪಲ್ಲಿ ಬೆಚ್ಚಗಿನ ನೀರಲ್ಲಿ ತೊಳ್ದು ಬಟ್ಟೆ ಹಾಕಿ ಒರೆಸದೆ ಗಾಳಿಗೆ ಒಣಗಿಸಿ. ಕುದಿಸ್ಬೋದು ಅಂತ ಅದರ ಚೀಟಿಯಲ್ಲಿದ್ರೆ ಐದು ನಿಮಿಷ ಕುದಿಸಿ, ಎಲ್ಲಾ ಮಾಡೆಲ್ ಕುದಿಸೋಕಾಗಲ್ಲ, ಕೆಲವು ಸೊಟ್ಟಗಾಗ್ತವೆ. ಕೊನೇ ಜಾಲಾಟ ಕುದಿಸಿ ಆರಿಸಿದ ನೀರಲ್ಲಿ, ನಲ್ಲಿ ನೀರಲ್ಲಿ ಟಿಬಿ ಜಾತಿಯದೇ ಬೇರೆ ಕ್ರಿಮಿಗಳು ಇರ್ತವೆ, ಇಂಥ ಶ್ವಾಸಕೋಶಕ್ಕೆ ಅವು ಹಿಡಿದ್ರೆ ಬಿಡಿಸೋದು ಕಷ್ಟ. ಇನ್ನು ನಮ್ಮ ಬೋರ್‌ವೆಲ್ ನೀರು ಗೊತ್ತಲ್ಲ, ಗೀಸರಿಗೆ ಮಾಡೋ ಗತಿನೇ ಸ್ಟೀಲ್ ಗುಂಡಿಗೂ ಮಾಡುತ್ತೆ, ಬಿಳಿ ಪದರ ಕಟ್ಟಿ ಗುಂಡು ಅಂಟ್ಕೊಳ್ಳುತ್ತೆ, ಕಾವೇರಿ ನೀರಿದ್ರೆ ಅದನ್ನೇ ಇದಕ್ಕೆ ಎತ್ತಿಡಿ. ಒಂದು ಸಾಧನ ಒಬ್ಬರಿಗೇ, ಅಪ್ಪಂಗೂ ಕೆಮ್ಮು ಅಂತ ಹಂಚ್ಕೋಬೇಡಿ.

ಯಾವಾಗ ಮುಟ್ಟಲೇಬಾರದು ಅಂದ್ರೆ, ಕಫದಲ್ಲಿ ರಕ್ತ ಬಂದ್ರೆ. ಗೆರೆಯಷ್ಟೇ ಬಂದ್ರೂ ಅವತ್ತು ನಿಲ್ಲಿಸಿ ಡಾಕ್ಟರಿಗೆ ತಿಳಿಸಿ, ಚಮಚದಷ್ಟು ಬಂದ್ರೆ ಅವತ್ತೇ ಹೋಗಿ ತೋರಿಸಿ, ಲೋಟದ ಲೆಕ್ಕದಲ್ಲಿ ಬಂದ್ರೆ 108ಕ್ಕೆ ಫೋನ್ ಮಾಡಿ, ಯಾವ ಕಡೆ ಶ್ವಾಸಕೋಶ ಹಾಳಾಗಿದೆ ಅಂತ ಗೊತ್ತಿದ್ರೆ ಆ ಕಡೆಗೆ ಒರಗಿಸಿ ಮಲಗಿಸಿ. ಇದ್ದಕ್ಕಿದ್ದಂಗೆ ಒಂದು ಕಡೆ ಎದೆ ಚುಚ್ಚಿ ಉಸಿರು ಸಿಗದೇ ಇದ್ರೆ ಶ್ವಾಸಕೋಶದಿಂದ ಗಾಳಿ ಸೋರಿರ್ಬೋದು, ಆಗ್ಲೂ ಬೇಡ. ಕಿವಿ ತಮಟೆ ಒಡೆದಿದ್ರೆ, ಮುಖದ್ದೋ ಅನ್ನನಾಳದ್ದೋ ಆಪರೇಷನ್ ಹೊಸದಾಗಿ ಆಗಿದ್ರೆ ಮೊದ್ಲು ಕೇಳಿ. ಸಂಜೆ ಜ್ವರ, ತೂಕ ಇಳಿಯೋದು ಶುರುವಾಗಿದ್ರೆ ಪೀಪಿ ಪಕ್ಕಕ್ಕಿಟ್ಟು ಕಫದ ಟಿಬಿ ಟೆಸ್ಟ್ ಮತ್ತೆ ಮಾಡಿಸಿ, ಹಳೇ ಟಿಬಿ ಮರಳಬಹುದು, ಮತ್ತೆ ಬಂದಿದ್ರೆ ಅವರು ಮನೇಲಿ ಊದಿ ಕೆಮ್ಮೋದು ನಿಮಗೂ ಅಪಾಯ.

ಕಲಿಸೋರು ಬೇಕು ಅಂದ್ರೆ ಎದೆರೋಗ ವಿಭಾಗ ಇರೋ ದೊಡ್ಡ ಆಸ್ಪತ್ರೆಯ ಫಿಸಿಯೋಥೆರಪಿ ಡಿಪಾರ್ಟ್‌ಮೆಂಟಲ್ಲಿ ಕೇಳಿ, ಸರ್ಕಾರಿ ಅಂದ್ರೆ ನಿಮ್ಹಾನ್ಸ್ ಹತ್ರದ ರಾಜೀವ್ ಗಾಂಧಿ ಎದೆರೋಗಗಳ ಸಂಸ್ಥೆ ಇದೆ, ಹಳಬರು ಸ್ಯಾನಟೋರಿಯಂ ಅಂತಾರಲ್ಲ ಅದೇ. ಸಾಧನ ಬ್ಯಾಗಲ್ಲಿ ಹಾಕ್ಕೊಂಡೇ ಹೋಗಿ, ಅಮ್ಮನ ಕೈಲೇ ಎದುರಿಗೆ ಊದಿಸಿ ತೋರಿಸಿ. ಮನೇಲಿ ಹಾಲಿನ ಲೆಕ್ಕ ಬರೆಯೋ ಕ್ಯಾಲೆಂಡರ್ ಇರುತ್ತಲ್ಲ, ಅದರಲ್ಲೇ ಆ ದಿನ ಎಷ್ಟು ಸಲ ಮಾಡಿದ್ರು, ಕಫ ಎಷ್ಟು ಚಮಚ, ಬಣ್ಣ ಬಿಳಿನೋ ಹಳದಿನೋ ಹಸಿರೋ ಅಂತ ಗುರುತು ಹಾಕಿ. ಮೊದಲ ವಾರ ಕಫ ಜಾಸ್ತಿ ಬರುತ್ತೆ, ಅದಕ್ಕೆ ಹೆದರಿ ನಿಲ್ಲಿಸ್ಬೇಡಿ, ಒಳಗಿದ್ದಿದ್ದು ಹೊರಗೆ ಬರ್ತಿರೋದು. ಆರು ವಾರ ಬಿಟ್ಟು ಆ ಕ್ಯಾಲೆಂಡರ್ ಹಾಳೆ ಫೋಟೋ ತೆಗೆದು ಡಾಕ್ಟರಿಗೆ ತೋರಿಸಿ, ಆಂಟಿಬಯಾಟಿಕ್ ಬೇಕಾ ಬೇಡ್ವಾ ಅಂತ ನಿರ್ಧಾರ ಮಾಡೋಕೆ ಅವರಿಗೆ ಎಕ್ಸ್‌ರೇಗಿಂತ ಅದು ಉಪಯೋಗಕ್ಕೆ ಬರುತ್ತೆ.